ಗೌಸಸಾಬನೂ ನಿಂತುಬಿಡುವ ಆಟದ ಪೆಟ್ಟಿಗೆಯೂ

ಗೌಸಸಾಬನ ಬಗ್ಗೆ ಬರೆಯುವ ಯೋಗ್ಯತೆ ನಿನಗಿಲ್ಲ ಎಂದು ನನಗೆ ಹೇಳುವವರು ಬೆಟಗೇರಿಯಲ್ಲಿ ಯಾರೂ ಇಲ್ಲ. ಇರಬೇಕಾಗಿತ್ತು. ಆದರೂ ಬರೆಯುತ್ತೇನೆ, ಯಾಕೆಂದರೆ ಅವನನ್ನು ನನ್ನಷ್ಟು ಹತ್ತಿರದಿಂದ ನೋಡಿದವರು ಇನ್ನೊಬ್ಬರಿಲ್ಲ. ಎರಡು ವರ್ಷ ಅವನು ನಮ್ಮ ಮನೆಗೆ ಬಂದಾಗಲೆಲ್ಲ ಅವನ ಹತ್ತು ಬೆರಳುಗಳ ಮೇಲೆ ಕಣ್ಣಿಟ್ಟು ಕುಳಿತಿದ್ದೇನೆ. ಪ್ರೀತಿಯಿಂದಲ್ಲ. ಈ ಮನುಷ್ಯ ನನ್ನ ಪೆಟ್ಟಿಗೆಯನ್ನು ತಾನೇ ಕೆಡಿಸಿ ತಾನೇ ರಿಪೇರಿ ಮಾಡುತ್ತಾನೆ ಎಂದು ನಂಬಿದ್ದೆ.

ನಾನು ಸಂಗಪ್ಪ. ನಮ್ಮದು ನೇಕಾರರ ಮನೆತನ. ಹುಟ್ಟಾ ಸಂಶಯದವನು ನಾನು. ಹಾಲಿನವಳ ತಂಬಿಗೆಯಲ್ಲಿ ಬೆರಳು ಅದ್ದಿ ನೋಡುತ್ತೇನೆ. ಬಸ್ಸಿನಲ್ಲಿ ಪಕ್ಕದವನು ನಿದ್ದೆ ಮಾಡಿದರೆ ನಿಜವಾಗಿ ಮಾಡುತ್ತಿದ್ದಾನೋ ನಟಿಸುತ್ತಿದ್ದಾನೋ ಎಂದು ಮುಂಡರಗಿ ಬರುವ ತನಕ ಲೆಕ್ಕ ಹಾಕುತ್ತೇನೆ. ಇದನ್ನು ಜಾಣತನ ಎಂದುಕೊಂಡೇ ನಲವತ್ತು ವರ್ಷ ಕಳೆದಿದ್ದೆ.

ಗೌಸಸಾಬನ ತಂದೆ ಅಲ್ಲಾಸಾಬ ಸೊರಟೂರಿನಲ್ಲಿ ಎತ್ತುಗಳಿಗೆ ಲಾಳ ಬಡಿಯುತ್ತಿದ್ದ. ಅವನು ತೀರಿಕೊಂಡ ಮೇಲೆ ಹೆಂಡತಿ ಫಕೀರಬಿ ಹತ್ತು ವರ್ಷದ ಮಗನನ್ನು ಕರೆದುಕೊಂಡು ಬೆಟಗೇರಿಗೆ ಬಂದಳು. ನಮ್ಮ ಮನೆಯಲ್ಲಿ ಮಗ್ಗದ ಲಾಳಿಗೆ ಬೇಕಾದ ನೂಲಿನ ಕಂಡಿಕೆ ಸುತ್ತುವ ಕೆಲಸ ಹಿಡಿದಳು. ಹದಿನಾಲ್ಕು ವರ್ಷ ಸುತ್ತಿದಳು. ನನ್ನ ಅವ್ವ ಕಸ್ತೂರೆವ್ವ ಮತ್ತು ಫಕೀರಬಿ ಎದುರುಬದುರು ಕುಳಿತರೆ ಇಬ್ಬರ ಮಾತಿಗೂ ಕೊನೆ ಇರುತ್ತಿರಲಿಲ್ಲ, ನೂಲಿಗೂ ಇರುತ್ತಿರಲಿಲ್ಲ. ಗೌಸಸಾಬ ಆರನೇ ಇಯತ್ತೆಗೆ ಶಾಲೆ ಬಿಟ್ಟ. ಗದುಗಿನ ಒಂದು ಮೈಕ್‌ಸೆಟ್ ಅಂಗಡಿ ಸೇರಿ, ಮದುವೆಗಳಿಗೆ ಧ್ವನಿವರ್ಧಕದ ಕರ್ಣ ಕಟ್ಟುತ್ತ ಕಟ್ಟುತ್ತ ಬೆಸುಗೆ ಕಲಿತ. ಎಪ್ಪತ್ತಾರರಲ್ಲಿ ನಮ್ಮ ಓಣಿಯ ತುದಿಗೆ ಒಂದು ಹೊರಸಿನಷ್ಟು ಅಗಲದ ಅಂಗಡಿ ಹಾಕಿದ. ಮೊದಲು ರೇಡಿಯೋ, ಟೇಪು. ಎಂಬತ್ತನಾಲ್ಕರ ನಂತರ ಟಿವಿ. ಲಕ್ಷ್ಮೇಶ್ವರ, ಶಿರಹಟ್ಟಿ ಕಡೆಯಿಂದಲೂ ಬುಟ್ಟಿಯಲ್ಲಿ ರೇಡಿಯೋ ಇಟ್ಟುಕೊಂಡು ಜನ ಬರುತ್ತಿದ್ದರು.

ರಿಪೇರಿಯವನ ಆಸ್ತಿ ಬೆಸುಗೆ ಕಡ್ಡಿಯಲ್ಲ. ಜನ ಪೆಟ್ಟಿಗೆಯನ್ನು ಅವನ ಮುಂದಿಟ್ಟು, ಬೆನ್ನು ಬಿಚ್ಚಿದ್ದನ್ನು ನೋಡಿಯೂ ನಿಶ್ಚಿಂತೆಯಿಂದ ಸಂತೆಗೆ ಹೋಗಿಬಿಡುತ್ತಾರಲ್ಲ, ಅದು. ಒಳಗಿನ ಒಳ್ಳೆಯ ಸಾಮಾನು ತೆಗೆದು ಹಳೆಯದನ್ನು ಹಾಕಿದರೆ ನಮಗೇನು ತಿಳಿಯುತ್ತದೆ? ಗೌಸಸಾಬನ ಹತ್ತಿರ ಆ ನಂಬಿಕೆಯ ಹೊರತು ಬೇರೆ ಆಸ್ತಿ ಇರಲಿಲ್ಲ. ಹೊಲವಿಲ್ಲ, ಸ್ವಂತ ಮನೆಯಿಲ್ಲ. ಇದ್ದ ಆ ಒಂದನ್ನು ಹಾಳು ಮಾಡಿದವನು ನಾನು.

ಎಂಬತ್ತಾರರ ಹೊತ್ತಿಗೆ ಕೈಮಗ್ಗದಿಂದ ಹೊಟ್ಟೆ ತುಂಬುವುದು ಕಷ್ಟವಾಯಿತು. ಮನೆಯ ಮುಂದಿನ ಖೋಲಿಯಲ್ಲಿದ್ದ ಎರಡು ಮಗ್ಗಗಳನ್ನು ಬಿಚ್ಚಿ ಮಾರಿದೆ. ಹುಬ್ಬಳ್ಳಿಯಲ್ಲಿ ಪರಿಚಯದವರೊಬ್ಬರು ಒಂದು ವಿಡಿಯೋ ಗೇಮ್ ಪೆಟ್ಟಿಗೆ ತೋರಿಸಿದರು. ಮುಂಬಯಿಯಲ್ಲಿ ಓಡಾಡಿ ಹಳತಾದದ್ದು. ಆಳೆತ್ತರದ ಕಟ್ಟಿಗೆಯ ಪೆಟ್ಟಿಗೆ, ಎದುರಿಗೆ ಟಿವಿಯಂಥ ಗಾಜು, ಕೆಳಗೆ ಒಂದು ಕೋಲು, ಎರಡು ಗುಂಡಿ. ನಾಣ್ಯ ಹಾಕಿದರೆ ವಿಮಾನ ಏಳುತ್ತದೆ. ಎದುರಿಂದ ಬರುವ ವಿಮಾನಗಳನ್ನು ಹೊಡೆಯುತ್ತ ಹೋಗಬೇಕು. ಇಂಥದ್ದು ನಮ್ಮ ಕಡೆ ಇನ್ನೂ ಬಂದಿರಲಿಲ್ಲ. ತಂದು ಮಗ್ಗ ಇದ್ದ ಜಾಗದಲ್ಲಿ ನಿಲ್ಲಿಸಿದೆ. ಕಾಲೇಜು ಹುಡುಗರು, ಅರಳೆ ಮಿಲ್ಲಿನವರು, ನಾಗಾವಿ ಮಲ್ಲಸಮುದ್ರದಿಂದ ಸಂತೆಗೆ ಬಂದವರು, ಎಲ್ಲರೂ ಸರದಿ ಹಚ್ಚಿದರು. ಎದುರಿಗೆ ಚಹಾದ ಅಂಗಡಿ ಇಟ್ಟಿದ್ದ ದ್ಯಾಮಪ್ಪ ಕೂರಲು ಇನ್ನೊಂದು ಬಾಕು ತರಿಸಿದ.

ಅವ್ವ ಪೆಟ್ಟಿಗೆಯನ್ನು ಸುತ್ತಲೂ ನೋಡಿ ಒಂದೇ ಮಾತು ಹೇಳಿದಳು. "ಮಗ್ಗದ ಜಾಗಾದಾಗ ನಿಂತು ಅನ್ನಾ ಕೊಡತೈತಿ ಅಂದ್ರ, ಇದೂ ನಮಗ ಮಗ್ಗನ."

ನಾನು ನಕ್ಕು ನಾಣ್ಯ ಎಣಿಸತೊಡಗಿದೆ.

ಎರಡು ತಿಂಗಳಾಗುವಷ್ಟರಲ್ಲಿ ಪೆಟ್ಟಿಗೆ ನಿಂತಿತು. ವಿಮಾನ ಆಕಾಶದಲ್ಲೇ ಅಂಟಿಕೊಂಡಿತು, ಸದ್ದು ಒಂದೇ ಸವನೆ ಕೊರೆಯತೊಡಗಿತು. ಕೋಲು ತಿರುವಿದರೂ ಇಲ್ಲ, ಗುಂಡಿ ಗುದ್ದಿದರೂ ಇಲ್ಲ. ನಾನು ಕರೆಂಟಿನ ಪಿನ್ನು ಕಿತ್ತು ಮತ್ತೆ ಹಾಕಿದೆ. ಈ ಸಲ ಆಟ ಶುರುವೇ ಆಗಲಿಲ್ಲ. ಗಾಜಿನ ತುಂಬ ಹರಕು ಮುರುಕು ಅಕ್ಷರಗಳು ಬಂದು ನಿಂತವು. ಗೌಸಸಾಬನನ್ನು ಕರೆದೆ.

ಅವನು ಕೆಲಸ ಮಾಡುವ ರೀತಿಯೇ ಬೇರೆ. ಬಂದವನು ತಕ್ಷಣ ಏನನ್ನೂ ಬಿಚ್ಚಲಿಲ್ಲ. ಪೆಟ್ಟಿಗೆಯ ಬೆನ್ನ ಮೇಲೆ ಅಂಗೈ ಇಟ್ಟು ಬಿಸಿ ನೋಡಿದ. ಸಂದಿಗೆ ಮೂಗು ಹಚ್ಚಿ ವಾಸನೆ ನೋಡಿದ. ಆಮೇಲೆ ನನ್ನ ಕಡೆ ತಿರುಗಿದ.

"ಸಂಗಪ್ಪಣ್ಣ, ನಿಂತಾಗ ಪಿನ್ ಕಿತ್ತಿರೇನು?"

"ಕೀಳದ ಏನ್ ಮಾಡ್ಲಿ? ಕೊರಿಯಾಕ ಹತ್ತಿತ್ತು."

"ಹಂಗ ಕೀಳಬ್ಯಾಡ್ರಿ. ಮೊದ್ಲ ಎಲ್ಲಿ ನಿಂತೈತಿ ಅಂತ ನೋಡ್ರಿ. ಆಮ್ಯಾಲೆ ಬಟನ್ ಆರಸ್ರಿ. ಮನಸಿನಾಗ ಇಪ್ಪತ್ತ ಎಣಸ್ರಿ, ಹೊಟ್ಟ್ಯಾಗಿನ ಕರೆಂಟ್ ಇಳೀಲಿ. ಆಮ್ಯಾಲೆ ಹಚ್ರಿ. ಅರ್ಧಾ ಸಲ ಅಷ್ಟಕ್ಕ ಸರಿ ಆಕ್ಕೈತಿ."

"ಎಲ್ಲಿ ನಿಂತ್ರೇನು, ನಿಂತಿದ್ದು ನಿಂತಂಗ ಅಲ್ಲ?"

"ಅಲ್ರಿ. ದಿನಾ ಒಂದ ಜಾಗಾದಾಗ ನಿಂತ್ರ ರೋಗ ಅದರ ಒಳಗಿಂದು. ಕಂಡಕಂಡಲ್ಲೆ ನಿಂತ್ರ ರೋಗ ಹೊರಗಿಂದ ಬಂದಿದ್ದು. ಕರೆಂಟ್ ಇರಬಹುದು, ಧೂಳಾ ಇರಬಹುದು."

ಹಿಂದಿನ ಬಾಗಿಲ ಬೀಗ ತೆಗೆಸಿ ಒಳಗಿನ ಸರ್ಕಿಟ್ಟಿನ ಹಸಿರು ಪಾಟಿಯನ್ನು ಮೆಲ್ಲಗೆ ಹೊರಗೆಳೆದ. ಅದರ ಒಂದು ಅಂಚಿಗೆ ಸಾಲಾಗಿ ಹಿತ್ತಾಳೆ ಬಣ್ಣದ ಹಲ್ಲುಗಳು. ಆ ಹಲ್ಲುಗಳು ಒಂದು ಕಚ್ಚಿನೊಳಗೆ ಕೂತರೆ ಮಾತ್ರ ಆಟ ನಡೆಯುತ್ತದೆ. ಗೌಸಸಾಬ ಪೆನ್ಸಿಲ್ ಅಳಿಸುವ ರಬ್ಬರು ತೆಗೆದು ಒಂದೊಂದೇ ಹಲ್ಲು ಉಜ್ಜಿದ, ಸ್ಪಿರಿಟಿನ ಅರಿವೆಯಿಂದ ಒರೆಸಿದ, ಮರಳಿ ಕೂರಿಸಿದ. ವಿಮಾನ ಹಾರಿತು.

"ಏನಾಗಿತ್ತು?" ಎಂದೆ.

ಅವನು ಒಂದು ಕ್ಷಣ ತಡೆದ. "ಧೂಳಾ ಕುಂತಿತ್ರಿ" ಎಂದ.

ಆ ಒಂದು ಕ್ಷಣ ನನ್ನ ತಲೆಯೊಳಗೆ ಹೊಕ್ಕಿತು. ಯಾಕೆ ತಡೆದ? ಬೀಗ ಹಾಕಿದ ಪೆಟ್ಟಿಗೆಯೊಳಗೆ ಧೂಳು ಎಲ್ಲಿಂದ ಬರುತ್ತದೆ?

ಮುಂದಿನ ತಿಂಗಳು ಮತ್ತೆ ನಿಂತಿತು. ಅದರ ಮುಂದಿನ ತಿಂಗಳೂ. ಪ್ರತಿ ಸಲ ಗೌಸಸಾಬ ಬಂದ, ಉಜ್ಜಿದ, ಒರೆಸಿದ, ಧೂಳು ಎಂದ, ಹೋದ. ನಾನು ಮೊದಲು ಆಟಗಾರರನ್ನು ಸಂಶಯಿಸಿದೆ. ಸೋತವರು ಸಿಟ್ಟಿನಿಂದ ಒದೆಯುತ್ತಾರೆ ಎಂದು ಪೆಟ್ಟಿಗೆಯ ಸುತ್ತ ಕಾಲು ತಾಗದಂತೆ ಕಟ್ಟಿಗೆಯ ಕಟಾಂಜನ ಹೊಡೆಸಿದೆ. ಆಮೇಲೆ ಕರೆಂಟನ್ನು ಸಂಶಯಿಸಿದೆ. ಓಣಿಯ ಪವರ್‌ಲೂಮುಗಳು ಒಮ್ಮೆಲೆ ಶುರುವಾದರೆ ನಮ್ಮ ಬಲ್ಬು ಕೆಂಪಗಾಗುತ್ತಿತ್ತು. ಅದಕ್ಕೆ ಸ್ಟೆಬಿಲೈಜರ್ ತಂದೆ. ಪೆಟ್ಟಿಗೆ ತಿಂಗಳಿಗೊಮ್ಮೆ ನಿಲ್ಲುವುದನ್ನು ಬಿಡಲಿಲ್ಲ. ಆಗ ಕ್ಯಾಲೆಂಡರಿನಲ್ಲಿ ಗುರುತು ಹಾಕತೊಡಗಿದೆ. ನೋಡಿದರೆ ಎಲ್ಲವೂ ಅಮಾವಾಸ್ಯೆ ಕಳೆದ ಮೂರನೆಯ ದಿನ ಇಲ್ಲವೇ ನಾಲ್ಕನೆಯ ದಿನ. ಯಂತ್ರಕ್ಕೆ ಅಮಾವಾಸ್ಯೆ ಹುಣ್ಣಿಮೆ ಗೊತ್ತಿರುತ್ತದೆಯೇ? ಮನುಷ್ಯನಿಗೆ ಗೊತ್ತಿರುತ್ತದೆ.

ಅಷ್ಟರಲ್ಲಿ ಹುಬ್ಬಳ್ಳಿಯ ಆ ಪರಿಚಯದವರು ಭೆಟ್ಟಿಯಾಗಿ ಒಂದು ಮಾತು ಹೇಳಿದರು. ಕೆಲವು ಮೆಕ್ಯಾನಿಕರು ಒಂದು ಬೆಸುಗೆಯನ್ನು ಹಸಿ ಬಿಟ್ಟು ಹೋಗುತ್ತಾರಂತೆ. ಇಂತಿಷ್ಟು ದಿನಕ್ಕೆ ಬಿಟ್ಟುಕೊಳ್ಳುವ ಹಾಗೆ. ಮತ್ತೆ ಅವರನ್ನೇ ಕರೆಯಬೇಕಲ್ಲ! ನನಗೆ ಅಂದು ಊಟ ರುಚಿಸಲಿಲ್ಲ. ಗೌಸಸಾಬನ ಆ ತಡೆದ ಕ್ಷಣಕ್ಕೆ ಅರ್ಥ ಸಿಕ್ಕಿತ್ತು.

ಅಂದಿನಿಂದ ಹಿಂದಿನ ಬಾಗಿಲ ಕೀಲಿಯನ್ನು ನನ್ನ ಉಡದಾರಕ್ಕೆ ಕಟ್ಟಿಕೊಂಡೆ. ಸಾಲದೆಂದು ಇನ್ನೊಂದು ಉಪಾಯ ಮಾಡಿದೆ. ಬೀಗದ ಕೊಂಡಿಗೂ ಚಿಲಕಕ್ಕೂ ಸೇರಿಸಿ ಒಂದು ರೇಷ್ಮೆ ಎಳೆಯನ್ನು ನೇಕಾರರ ಗಂಟಿನಿಂದ ಕಟ್ಟಿದೆ. ಮಗ್ಗದ ಮೇಲೆ ಹರಿದ ಎಳೆಯನ್ನು ಕೂಡಿಸಲು ಹಾಕುವ ಗಂಟು ಅದು, ಎಳ್ಳಿನಷ್ಟಿರುತ್ತದೆ. ನಮ್ಮವರಲ್ಲದೆ ಬೇರೆ ಯಾರೂ ಹಾಕಲಾರರು. ಬಾಗಿಲು ತೆರೆದರೆ ಎಳೆ ಹರಿಯಲೇಬೇಕು, ಹರಿದರೆ ಇನ್ನೊಬ್ಬನಿಗೆ ಕೂಡಿಸಲು ಬರುವುದಿಲ್ಲ. ಈ ಉಪಾಯಕ್ಕೆ ನನ್ನ ಬೆನ್ನು ನಾನೇ ತಟ್ಟಿಕೊಂಡೆ.

ಅಮಾವಾಸ್ಯೆ ಕಳೆಯಿತು. ನಾಲ್ಕನೆಯ ದಿನ ವಿಮಾನ ನಿಂತಿತು. ಓಡಿಹೋಗಿ ನೋಡಿದರೆ ಎಳೆ ಕಟ್ಟಿದಂತೆಯೇ ಇದೆ, ಗಂಟು ಗಟ್ಟಿಯಾಗಿದೆ. ಅಂದರೆ ನಡುವೆ ಯಾರೂ ಬಾಗಿಲು ತೆರೆದಿಲ್ಲ. ಅಂದರೆ ಕೆಡುಕು ಮೊದಲೇ ಒಳಗಿತ್ತು. ಅದನ್ನು ಇಟ್ಟವನು ಕೊನೆಯ ಸಲ ಬಾಗಿಲು ತೆರೆದವನು. ನನಗೆ ಇದಕ್ಕಿಂತ ಸ್ಪಷ್ಟವಾದ ಸಾಕ್ಷಿ ಬೇಕಿರಲಿಲ್ಲ. ಎಳೆಯ ಸಂಗತಿಯನ್ನು ದ್ಯಾಮಪ್ಪನಿಗೆ ತೋರಿಸಿ ವಿವರಿಸಿದೆ. ಅವನು ಬಗ್ಗಿ ಗಂಟು ನೋಡಿ ತಲೆದೂಗಿದ.

ಹಾಗೆಂದು ನಾನು ಕೂಡಲೇ ಜಗಳ ತೆಗೆಯಲಿಲ್ಲ. ಒಂದು ವರ್ಷಕ್ಕೂ ಹೆಚ್ಚು ಕಾಲ ಅವನನ್ನು ಕರೆದೆ, ಅವನೆದುರು ಸ್ಟೂಲ್ ಹಾಕಿಕೊಂಡು ಕುಳಿತೆ. ಸ್ಕ್ರೂ ಎಣಿಸಿದೆ. ಅವನು ಜೇಬಿಗೆ ಕೈ ಹಾಕಿದರೆ ಕತ್ತು ಉದ್ದ ಮಾಡಿದೆ. ಗೌಸಸಾಬನಿಗೆ ತಿಳಿಯದೆ ಇರುತ್ತದೆಯೇ? ಒಂದು ಸಲ ಜೇಬಿನಿಂದ ಕರವಸ್ತ್ರ ತೆಗೆದು ನನ್ನೆದುರು ಝಾಡಿಸಿ ತೋರಿಸಿ, ಮುಖ ಒರೆಸಿಕೊಂಡು ಮತ್ತೆ ಕೆಲಸಕ್ಕೆ ಬಗ್ಗಿದ. ತಪ್ಪಿಲ್ಲದವನು ಇಷ್ಟು ಸುಮ್ಮನಿರುತ್ತಾನೆಯೇ ಎಂದು ನನಗೆ ಇನ್ನಷ್ಟು ಸಂಶಯ ಬಂತು.

ಎಂಬತ್ತೆಂಟರ ಶ್ರಾವಣದಲ್ಲಿ ನನ್ನ ತಾಳ್ಮೆಯ ಕಟ್ಟೆ ಒಡೆಯಿತು. ಹಬ್ಬದ ದಿನಗಳು, ಪೆಟ್ಟಿಗೆ ನಿಂತಿದೆ, ಬಂದ ಜನ ತಿರುಗಿ ಹೋಗಿ ಖೋಲಿ ಬರಿದಾಗಿದೆ. ಗೌಸಸಾಬ ಹಸಿರು ಪಾಟಿ ಎಳೆದು ರಬ್ಬರು ತೆಗೆದ. ನಾನು ಎದ್ದು ನಿಂತೆ.

"ಲೇ ಗೌಸ್ಯಾ, ಇವತ್ತ ಖರೆ ಹೇಳು. ಒಳಗ ಏನ್ ಇಟ್ಟ್ ಹೊಕ್ಕಿ ನೀನು?"

ಅವನು ತಲೆ ಎತ್ತಿದ. "ಏನೂ ಇಟ್ಟಿಲ್ರಿ."

"ಕೀಲಿ ನನ್ನ ಹಂತ್ಯಾಕ ಐತಿ. ದಾರ ಹರದಿಲ್ಲ. ಮತ್ತ ತಿಂಗಳಿಗೊಮ್ಮಿ ಕೆಡಸಾಂವ ಯಾರು, ದೆವ್ವನ? ಮುಂದಿನ ಅಮಾಸಿಗೆ ಇದು ನಿಂತ್ರ ನಿನ್ನ ಪೊಲೀಸ್ ಸ್ಟೇಶನ್ನಿಗೆ ಎಳಕೊಂಡು ಹೊಕ್ಕೀನಿ. ತಡಿ, ಸಾಕ್ಷಿ ಕರಕೊಂಡು ಬರತೀನಿ."

ಗೌಸಸಾಬನ ಮುಖ ಬಿಳುಚಿತು. ಏನೋ ಹೇಳಲು ಬಾಯಿ ತೆರೆದು, ಒಳಮನೆಯ ಬಾಗಿಲ ಕಡೆ ಒಮ್ಮೆ ನೋಡಿ, ಮುಚ್ಚಿಕೊಂಡ. ನಾನು ದ್ಯಾಮಪ್ಪನನ್ನು ಕರೆತರಲು ಹೋದೆ. ಅವನು ಹಾಲಿನ ಪಾತ್ರೆ ಇಳಿಸಿ ಬರುವಷ್ಟರಲ್ಲಿ ಕಾಲು ತಾಸು ಹೋಯಿತು. ಬಂದು ನೋಡಿದರೆ ಪೆಟ್ಟಿಗೆ ನಡೆಯುತ್ತಿದೆ, ಗೌಸಸಾಬ ಬಾಗಿಲು ಮುಚ್ಚಿ ಚೀಲ ಕಟ್ಟುತ್ತಿದ್ದಾನೆ. ಅವ್ವ ಅವನಿಗೆ ನೀರು ಕೊಟ್ಟ ತಂಬಿಗೆ ಹಿಡಿದು ಒಳಗೆ ಹೋಗುತ್ತಿದ್ದಾಳೆ.

"ಇನ್ನ ನಿಲ್ಲಂಗಿಲ್ರಿ" ಎಂದಷ್ಟೇ ಹೇಳಿ ಅವನು ಹೋದ.

ನಿಜವಾಗಿಯೂ ನಿಲ್ಲಲಿಲ್ಲ. ಮುಂದಿನ ಅಮಾವಾಸ್ಯೆ ಕಳೆಯಿತು, ಅದರ ಮುಂದಿನದೂ ಕಳೆಯಿತು. ವಿಮಾನ ದಿನವಿಡೀ ಹಾರಿತು. ಪೊಲೀಸರ ಹೆಸರು ತೆಗೆದದ್ದೇ ತಡ ರೋಗ ವಾಸಿಯಾಯಿತು! ಇನ್ನು ಹೇಳುವುದೇನಿದೆ? ದ್ಯಾಮಪ್ಪನ ಅಂಗಡಿಯ ಬಾಕಿನ ಮೇಲೆ ಕುಳಿತು ಎಲ್ಲವನ್ನೂ ಬಿಡಿಸಿ ಹೇಳಿದೆ. ಕೀಲಿ, ಎಳೆ, ಗಂಟು, ಅಮಾವಾಸ್ಯೆಯ ಗುರುತು, ಕೊನೆಗೆ ಬೆದರಿಕೆ. ಹೇಳುವುದು ನನಗೆ ಚೆನ್ನಾಗಿ ಬರುತ್ತದೆ. ಕೇಳಿದವರು ಇನ್ನೊಬ್ಬರನ್ನು ಕರೆತಂದು ಮತ್ತೆ ಹೇಳಿಸಿದರು. ಗದುಗಿನ ಅರಳೆ ವ್ಯಾಪಾರಿ ಹುಚ್ಚೀರಪ್ಪನವರು ರಿಪೇರಿಗೆ ಕೊಟ್ಟಿದ್ದ ಟಿವಿಯನ್ನು ಬಿಚ್ಚಿದ್ದು ಬಿಚ್ಚಿದ ಹಾಗೆಯೇ ಟಾಂಗಾದಲ್ಲಿ ಹಾಕಿಕೊಂಡು ಹೋದರು. ಹಳೆಯ ರೇಡಿಯೋ ಸರಿಯಿದ್ದವರೂ ಅದು ಮೊದಲಿನ ಹಾಗೆ ಹಾಡುವುದಿಲ್ಲ ಎನ್ನತೊಡಗಿದರು. ಅಂಗಡಿಗೆ ಜನ ಹೋಗುವುದು ನಿಂತಿತು. ಸಂಕ್ರಾಂತಿ ಕಳೆದ ಮೇಲೆ ಒಂದು ದಿನ ನೋಡಿದರೆ ಅಂಗಡಿಯ ಬಾಗಿಲಿಗೆ ಬೀಗ. ಹೆಂಡತಿ ಮೋತಿಬಿಯನ್ನು ಕರೆದುಕೊಂಡು ಲಕ್ಷ್ಮೇಶ್ವರಕ್ಕೆ ಹೋದನಂತೆ. ಕಳ್ಳ ಊರು ಬಿಟ್ಟ ಎಂದು ನಾನೇ ಮೊದಲು ಅಂದೆ.

ಮನೆಯಲ್ಲಿ ಈ ಸುದ್ದಿ ತೆಗೆಯಲಿಲ್ಲ. ಅವ್ವನಿಗೆ ಫಕೀರಬಿಯ ಮಗನೆಂದರೆ ಕರುಳು, ಸುಮ್ಮನೆ ಯಾಕೆ ಅಳಿಸಬೇಕು ಎಂದುಕೊಂಡೆ. ಗೌಸ್ಯಾ ಯಾಕೆ ಬರುವುದಿಲ್ಲ ಎಂದು ಆಕೆ ಕೇಳಿದರೆ, ಪೆಟ್ಟಿಗೆ ಕೆಟ್ಟಿಲ್ಲ, ಯಾಕೆ ಬರುತ್ತಾನೆ ಎನ್ನುತ್ತಿದ್ದೆ.

ಎಂಬತ್ತೊಂಬತ್ತರ ಕಾರ್ತಿಕದಲ್ಲಿ ಅವ್ವನ ಮೊಣಕಾಲು ಹಿಡಿದುಕೊಂಡವು. ಅಮಾವಾಸ್ಯೆಯ ದಿನ ನಾನು ತಲೆಗೆ ನೀರು ಹಾಕಿಕೊಂಡು ಬಂದೆ. ಆಕೆ ಹಾಸಿಗೆಯ ಮೇಲೆ ಕುಳಿತೇ ಒಂದು ಬಟ್ಟಲು ನನ್ನ ಮುಂದೆ ಹಿಡಿದಳು. ಕುಸುಬಿ ಎಣ್ಣೆ, ಅದರಲ್ಲಿ ಚಿಟಿಕೆ ಕುಂಕುಮ.

"ನನಗ ಇವತ್ತ ಬಗ್ಗಾಕ ಆಗಂಗಿಲ್ಲ. ನೀನ ಮಗ್ಗಕ್ಕ ಎಣ್ಣಿ ಹಾಕಿ ಬಾ."

"ಯಾವ ಮಗ್ಗಬೇ? ಮಾರಿ ಮೂರ ವರ್ಷ ಆತು."

"ಅದ, ನಿನ್ನ ವಿಮಾನದ್ದು. ಹಿಂದಿನ ಬಾಗಲಾ ತಗದ್ರ ಒಳಗ ಗೌಸ್ಯಾ ಬಡದ ಹಿತ್ತಾಳಿ ತಗಡ ಐತಿ. ಅದಕ್ಕ ಹಚ್ಚು. ಹಸರ ಪಾಟಿ ಹಲ್ಲಿಗೆ ಮಾತ್ರ ಹಚ್ಚಬ್ಯಾಡ, ಅದು ಎಣ್ಣಿ ಕುಡಿಯಂಗಿಲ್ಲಂತ."

ಮಗ್ಗದವರ ಮನೆಯಲ್ಲಿ ಅಮಾವಾಸ್ಯೆಗೆ ಮಗ್ಗ ನಿಲ್ಲಿಸುತ್ತಾರೆ, ಎಳೆ ಹಾಯುವ ಅದರ ಹಣಿಗೆಯ ಹಲ್ಲಿಗೆ, ಕೀಲುಕೀಲಿಗೆ ಎಣ್ಣೆ ಕುಂಕುಮ ಮುಟ್ಟಿಸುತ್ತಾರೆ. ನಾನು ಹುಟ್ಟಿದಾಗಿನಿಂದ ನೋಡಿದ್ದು. ಮಗ್ಗ ಹೋದ ಮೇಲೆ ಆ ಪದ್ಧತಿಯೂ ಹೋಯಿತೆಂದು ನಾನು ತಿಳಿದಿದ್ದೆ. ಅವ್ವ ಬಿಟ್ಟಿರಲಿಲ್ಲ. ಎರಡು ವರ್ಷ ಆಕೆ ಪ್ರತಿ ಅಮಾವಾಸ್ಯೆ ಆ ಹಸಿರು ಪಾಟಿಯ ಹಿತ್ತಾಳೆ ಹಲ್ಲುಗಳಿಗೆ, ಅವೂ ಹಣಿಗೆಯ ಹಲ್ಲೇ ಎಂದು, ಕುಸುಬಿ ಎಣ್ಣೆ ಸವರಿದ್ದಳು. ನಮ್ಮ ಓಣಿಯ ಗಾಳಿಯಲ್ಲಿ ಸದಾ ನೂಲಿನ ಧೂಳು. ಎಣ್ಣೆಗೆ ಅದು ಅಂಟುತ್ತಿತ್ತು, ಮೂರು ನಾಲ್ಕು ದಿನಕ್ಕೆ ಹಲ್ಲು ಕಚ್ಚಿನ ಜೊತೆ ಕೂಡದೆ ವಿಮಾನ ನಿಲ್ಲುತ್ತಿತ್ತು. ಗೌಸಸಾಬ ಧೂಳು ಎಂದದ್ದು ಸುಳ್ಳಲ್ಲ, ಅರ್ಧ ನಿಜ ಮಾತ್ರ.

"ಕೀಲಿ?" ಎಂದೆ.

"ನೀ ಜಳಕಕ್ಕ ಹೋದಾಗ ಬಿಚ್ಚಿ ಗೂಟಕ್ಕ ಹಾಕತಿದ್ದೆಲ್ಲ."

"ಮತ್ತ ದಾರ? ದಾರ ಕಟ್ಟಿದ್ನೆಲ್ಲಬೇ!"

"ಹೂಂ, ಹರದು ಮತ್ತ ಕಟ್ಟತಿದ್ದೆ. ನೀ ಹಾಕಿದ ಗಂಟ ಸಡ್ಲ ಇರತಿತ್ತು, ನಿಮ್ಮಪ್ಪಂದೂ ಹಂಗ ಇತ್ತು. ನಾ ಬಿಗಿ ಮಾಡಿ ಹಾಕತಿದ್ದೆ."

ನೇಕಾರರ ಗಂಟು ನೇಕಾರರಲ್ಲದೆ ಯಾರೂ ಹಾಕಲಾರರು ಎಂದು ಊರ ತುಂಬ ಹೇಳಿಕೊಂಡು ಬಂದವನು ನಾನು. ನನ್ನ ಮನೆಯಲ್ಲೇ ನನಗಿಂತ ಒಳ್ಳೆಯ ನೇಕಾರಳಿದ್ದಾಳೆ ಎಂಬುದು ಹೊಳೆದಿರಲಿಲ್ಲ. ಜಗತ್ತನ್ನೆಲ್ಲ ಸಂಶಯಿಸಿದವನು ಒಳಮನೆಯ ಬಾಗಿಲ ಕಡೆ ತಿರುಗಿ ನೋಡಿರಲಿಲ್ಲ.

ನಾನು ಹೋಗಿ ಬಾಗಿಲು ತೆಗೆದೆ. ಬಾಗಿಲ ಒಳಮೈಗೆ ಅಂಗೈಯಗಲದ ಹಿತ್ತಾಳೆ ತಗಡು, ಅಂಚಿಗೆ ಹಣಿಗೆಯ ಹಾಗೆ ಹಲ್ಲು ಕೊರೆದದ್ದು. ಹದಿನೈದು ತಿಂಗಳ ಎಣ್ಣೆ ಕುಂಕುಮ ಅದರ ಮೇಲೆ ಕಪ್ಪಾಗಿ ಗಟ್ಟಿಯಾಗಿತ್ತು. ಪಾಟಿಯ ಹಲ್ಲುಗಳು ಸ್ವಚ್ಛವಾಗಿದ್ದವು. ಶ್ರಾವಣದ ಆ ಕಾಲು ತಾಸಿನಲ್ಲಿ, ನಾನು ಸಾಕ್ಷಿ ತರಲು ಹೋದಾಗ, ಅವನು ಚೀಲದಲ್ಲಿದ್ದ ಈ ತಗಡನ್ನು ಕೊರೆದು ಬಡಿದು, ಇನ್ನು ಇದಕ್ಕೇ ಎಣ್ಣೆ ಹಚ್ಚಬೇಕೆಂದು ಅವ್ವನಿಗೆ ತೋರಿಸಿದ್ದ. ಬಟ್ಟಲಿನ ಎಣ್ಣೆಯನ್ನು ಆ ತಗಡಿಗೇ ಹಚ್ಚಿ ಬಾಗಿಲು ಮುಚ್ಚಿದೆ.

ಮರುದಿನ ಲಕ್ಷ್ಮೇಶ್ವರದ ಬಸ್ಸು ಹತ್ತಿದೆ. ಬಸ್‌ಸ್ಟ್ಯಾಂಡಿನ ಹಿಂದಿನ ಓಣಿಯಲ್ಲಿ ಅವನ ಅಂಗಡಿ ಸಿಕ್ಕಿತು. ತಗಡಿನ ಮೇಲೆ ಬಿಳಿ ಬಣ್ಣದಲ್ಲಿ ಬರೆಸಿದ್ದ: ಮಾಲೀಕರ ಎದುರಿಗೇ ಪೆಟ್ಟಿಗೆ ತೆರೆಯಲಾಗುವುದು. ಒಳಗೆ ಒಬ್ಬ ಮುದುಕ ತನ್ನ ರೇಡಿಯೋದ ಸ್ಕ್ರೂಗಳನ್ನು ಅಂಗೈಯಲ್ಲಿ ಹಿಡಿದುಕೊಂಡು ಕುಳಿತಿದ್ದ. ಗೌಸಸಾಬ ಒಂದೊಂದು ಸಾಮಾನು ತೆಗೆದಾಗಲೂ ಅದನ್ನು ಅವನ ಕೈಗೆ ಕೊಟ್ಟು, ನೋಡಿಸಿ, ಮರಳಿ ಇಸಕೊಳ್ಳುತ್ತಿದ್ದ. ಒಂದು ಗಂಟೆಯ ಕೆಲಸಕ್ಕೆ ಮೂರು ಗಂಟೆ. ಹೊರಗೆ ಇಬ್ಬರು ಕಾದು ಕಾದು ಎದ್ದು ಹೋದರು. ಆ ತಗಡಿನ ಅಕ್ಷರಗಳನ್ನು ಬರೆಸಿದವನು ನಾನೇ ಎಂದು ನನಗೆ ಅನಿಸಿತು.

ಮುದುಕ ಹೋದ ಮೇಲೆ ಗೌಸಸಾಬ ನನ್ನತ್ತ ನೋಡಿದ. "ಬರ್ರಿ ಸಂಗಪ್ಪಣ್ಣ, ಕುಂಡ್ರಿ. ಪೆಟಗಿ ನಿಂತೈತೇನು?"

"ಇಲ್ಲೋ ಮಾರಾಯಾ. ನಿಂತಿಲ್ಲ." ನಾನು ಕುಳಿತೆ. "ತಗಡ ನೋಡಿದೆ. ಅವ್ವ ಎಲ್ಲಾ ಹೇಳಿದ್ಲು. ನಿನಗ ಮೊದಲನೆ ದಿನಾನ ಗೊತ್ತಿತ್ತು, ಹೌದಲ್ಲೋ?"

"ಹಲ್ಲಿನ ಮ್ಯಾಲೆ ಕುಂಕುಮ ಇತ್ರಿ. ಕಾಣದ ಇರತೈತೇನು? ನೀವು ನನ್ನ ಕೈ ನೋಡತಿದ್ರಿ, ಹಲ್ಲ ನೋಡಲಿಲ್ಲ."

"ಮತ್ತ ಯಾಕ ಬಾಯಿ ಬಿಡಲಿಲ್ಲ?"

ಅವನು ಬೆಸುಗೆ ಕಡ್ಡಿಯನ್ನು ಸ್ಟ್ಯಾಂಡಿಗೆ ಇಟ್ಟ. "ನಿಮ್ಮ ಪೂಜಿಯಿಂದ ಪೆಟಗಿ ಕೆಡತೈತಿ ಅಂತ ಈ ಗೌಸಸಾಬ ಅಂದಾನ ಅಂತ ಆದ್ರ, ಓಣ್ಯಾಗ ಆ ಮಾತು ಹೆಂಗ ತಿರಗತಿತ್ತು ನೀವ ಹೇಳ್ರಿ. ಮತ್ತ ನೀವು ಎವ್ವನ ಮ್ಯಾಲೆ ಎಗರಿ ಬೀಳತಿದ್ರಿ. ನಿಮ್ಮ ಸಿಟ್ಟ ನನಗ ಗೊತ್ತಿಲ್ಲೇನು? ಒರಿಸಿ ಬಿಟ್ರ ಆತು, ತಿಂಗಳಿಗೊಮ್ಮಿ ಅಷ್ಟ ಅಲ್ಲ ಅಂದ್ಕೊಂಡೆ. ಎವ್ವಗ ತಗಡ ಮೊದ್ಲ ಬಡದು ಕೊಡಬೇಕಿತ್ತು. ಅದು ನನ್ನ ತಪ್ಪು."

ತನ್ನ ತಪ್ಪು ಎಂದ! ಮೋತಿಬಿ ಚಹಾ ತಂದಿಟ್ಟಳು. ನನ್ನ ಮುಖ ನೋಡದೆ ಒಳಗೆ ಹೋದಳು. ಅದು ಸರಿಯಾಗಿಯೇ ಇತ್ತು.

"ಗೌಸಸಾಬ, ತಿರುಗಿ ಬಾ" ಎಂದೆ. "ನಾ ಕೈ ಮುಗಿತೀನಿ."

"ಇಲ್ಲೆ ಯಾಕ ಮುಗಿತೀರಿ? ಇಲ್ಲೆ ಯಾರೂ ನನ್ನ ಕಳ್ಳ ಅಂದಿಲ್ಲ. ಎಲ್ಲಿ ಹೇಳಿರಿ ಅಲ್ಲೆ ಹೇಳ್ರಿ. ಮಂದಿ ಮೊದಲಿನಂಗ ರೇಡಿಯೋ ಇಟ್ಟು ಸಂತಿಗೆ ಹೊಕ್ಕಾರ ಅಂದ್ರ ನಾಳೇನ ಬರತೀನಿ. ಬೆಟಗೇರಿ ನನಗೂ ಊರ ಐತಿ."

ಮನೆಗೆ ಬಂದು ಅವ್ವನಿಗೆ ಎಲ್ಲವನ್ನೂ ಹೇಳಿದೆ, ನಾನು ಊರ ತುಂಬ ಸಾರಿದ್ದನ್ನೂ ಬಿಡದೆ. ಬೈಯುತ್ತಾಳೆ ಎಂದುಕೊಂಡೆ. ಆಕೆ ಕೈ ಚಾಚಿ, "ನನ್ನ ಎಬ್ಬಸು" ಎಂದಳು. ಹದಿನೈದು ದಿನದಿಂದ ಹೊಸ್ತಿಲು ದಾಟಿರದ ಹೆಂಗಸು ನನ್ನ ಹೆಗಲಿಗೆ ಜೋತುಬಿದ್ದು ಓಣಿ ದಾಟಿದಳು. ದ್ಯಾಮಪ್ಪನ ಅಂಗಡಿಯಲ್ಲಿ ಹತ್ತು ಹನ್ನೆರಡು ಜನರಿದ್ದರು. ಬಾಕಿನ ಮೇಲೆ ಕೂರಲಿಲ್ಲ, ಕಂಬ ಹಿಡಿದು ನಿಂತೇ ಹೇಳಿದಳು.

"ಪೆಟಗಿ ಕೆಡಸಿದಾಕಿ ನಾನು. ಎಣ್ಣಿ ಹಾಕಿದಾಕಿ ನಾನು. ಗೌಸ್ಯಾಂದೇನೂ ತಪ್ಪಿಲ್ಲ. ನನ್ನ ಮಗ ಸುಳ್ಳ ಹೇಳ್ಯಾನ."

ನಾನೂ ಹೇಳಿದೆ. ಹೌದು, ಸುಳ್ಳು ನನ್ನದು, ಅವನು ಕಳ್ಳನಲ್ಲ. ಎಲ್ಲರೂ ಗೌರವದಿಂದ ಕೇಳಿದರು. ಒಬ್ಬ ಎದ್ದು ಅವ್ವನಿಗೆ ಕೈ ಮುಗಿದ. ಯಾರೂ ನಗಲಿಲ್ಲ. ನನ್ನ ಎದೆ ಹಗುರಾಯಿತು. ಆಗ ದ್ಯಾಮಪ್ಪ ನನ್ನ ತೋಳು ಹಿಡಿದು ಒಲೆಯ ಕಡೆ ಸರಿಸಿ ಮೆಲ್ಲಗೆ ಮಾತಾಡಿದ.

"ನಿಮ್ಮವ್ವ ದೊಡ್ಡಾಕಿ ಬಿಡಪಾ. ಫಕೀರಬಿ ಮಗನ್ನ ಉಳಸಾಕ ತನ್ನ ತಲಿ ಮ್ಯಾಲೆ ಹಾಕ್ಕೊಂಡ್ಲು."

"ದ್ಯಾಮಪ್ಪ, ಅದು ಖರೆ ಐತೋ!"

"ಹೂಂ, ಹೂಂ." ಅವನು ಕಣ್ಣು ಮಿಟುಕಿಸಿದ. "ಕೀಲಿ ನಿನ್ನ ಉಡದಾರದಾಗ ಇತ್ತು. ದಾರ ಹರದಿರಲಿಲ್ಲ, ಗಂಟ ನಾನ ಕಣ್ಣಾರೆ ನೋಡೀನಿ. ಪೊಲೀಸ್ ಅಂದ ಮ್ಯಾಲೆ ಪೆಟಗಿ ಒಮ್ಮಿನೂ ನಿಂತಿಲ್ಲ. ಎಲ್ಲಾ ನೀನ ಹೇಳಿದ್ದಿ, ನನಗ ಬಾಯಿಪಾಠ ಆಗೇತಿ. ಈ ವಯಸ್ಸಿನ್ಯಾಗ ಎವ್ವ ಎಳ್ಳಿನಷ್ಟ ಗಂಟ ಹಾಕ್ಯಾಳಂತ, ಯಾರರ ನಂಬತಾರೇನು? ಮುದುಕಿ ಸಮಾಧಾನಕ್ಕ ನಾವೂ ಹೌದಂದ್ವಿ. ಅಷ್ಟ."

ನಾನು ಬಾಕಿನ ಮೇಲಿದ್ದ ಒಬ್ಬೊಬ್ಬರ ಮುಖವನ್ನೂ ನೋಡಿದೆ. ಎಲ್ಲರ ಮುಖದಲ್ಲೂ ಅದೇ ಕನಿಕರ, ಅದೇ ಜಾಣ ನಗು. ಅವರು ಮೂರ್ಖರಲ್ಲ. ನಾನು ಕಲಿಸಿದ್ದನ್ನು ಚೆನ್ನಾಗಿ ಕಲಿತಿದ್ದರು.

ಮನೆಗೆ ಮರಳುವಾಗ ಅವ್ವ ಎರಡು ಕಡೆ ನಿಂತು ಉಸಿರು ತೆಗೆದುಕೊಂಡಳು. ಬಾಗಿಲ ಹತ್ತಿರ ಬಂದಾಗ ಕೇಳಿದಳು. "ನಂಬಿದ್ರೇನೋ?"

"ಹೂಂನಬೇ, ಎಲ್ಲಾರೂ ನಂಬಿದ್ರು."

"ಹಂಗಾರ ಗೌಸ್ಯಾ ಯಾವಾಗ ಬರತಾನ?"

ನಾನು ಆಕೆಯ ಕಾಲನ್ನು ಎತ್ತಿ ಹೊಸ್ತಿಲ ಒಳಗೆ ಇಡಿಸಿದೆ.